ಕಾಂಕ್ರೀಟ್ ಬೀಳುವ ಮುನ್ನ ಇನ್ನೊಬ್ಬರು ಓದಲಿ

ರಾಯಚೂರು, ದೇವದುರ್ಗ, ಮಾನ್ವಿ ಭಾಗದಲ್ಲಿ ನೀವು ಜೂನಿಯರ್ ಇಂಜಿನಿಯರ್ ಆಗಿರಲಿ, ಪಂಚಾಯಿತಿಯ ತಾಂತ್ರಿಕ ಸಹಾಯಕರಾಗಿರಲಿ, ಸ್ವಂತ ಕನ್ಸಲ್ಟೆನ್ಸಿ ಕಚೇರಿ ಇಟ್ಟುಕೊಂಡವರಾಗಿರಲಿ, ಒಂದು ತೊಡಕು ಎಲ್ಲರಿಗೂ ಸಮಾನ. ಆರ್ಥಿಕ ವರ್ಷ ಮುಗಿಯುವ ಹೊತ್ತಿಗೆ ಅಂದಾಜು ಪಟ್ಟಿಗಳ ರಾಶಿ ಬೀಳುತ್ತದೆ. ಹಿಂದಿನ ಕಾಮಗಾರಿಯ ಎಕ್ಸೆಲ್ ಕಡತ ತೆರೆದು, ಊರಿನ ಹೆಸರು ಬದಲಿಸಿ, ಉದ್ದ ಅಗಲ ತಿದ್ದಿ, ಹೊಸ ಎಸ್.ಆರ್. ದರ ಕೂರಿಸಿ ಮೇಲಕ್ಕೆ ಕಳಿಸುತ್ತೀರಿ. ಅಲ್ಲಿ ಒಟ್ಟು ಮೊತ್ತ, ಲೆಕ್ಕಶೀರ್ಷಿಕೆ, ದರ ನೋಡಿ ತಾಂತ್ರಿಕ ಮಂಜೂರಾತಿ ಕೊಡುತ್ತಾರೆ. ಕಡತದ ಮೇಲೆ ಮೂರು ನಾಲ್ಕು ಸಹಿ ಬಿದ್ದಿರುತ್ತವೆ. ಆದರೆ ಪಾಯದ ಆಳ ಅಷ್ಟೇ ಏಕೆ, ಕಬ್ಬಿಣ ಇಷ್ಟೇ ಏಕೆ ಎಂದು ಕೂತು ಮತ್ತೆ ಲೆಕ್ಕ ಹಾಕಿದವರು ಒಬ್ಬರೂ ಇರುವುದಿಲ್ಲ. ಎರಡು ಮಳೆಗಾಲ ಕಳೆದು ಗೋಡೆ ಸೀಳಿದಾಗ ಗುತ್ತಿಗೆದಾರ ಹೇಳುತ್ತಾನೆ: "ಎಸ್ಟಿಮೇಟ್ ಹ್ಯಾಂಗ ಅದನೋ ಹಂಗ ಮಾಡೀವಿ ಸರ್." ಎಷ್ಟೋ ಸಲ ಅವನ ಮಾತು ನಿಜವೇ ಆಗಿರುತ್ತದೆ.

ಇದಕ್ಕೆ ಖರ್ಚಿಲ್ಲದ ಒಂದು ಪರಿಹಾರವಿದೆ. ಕೆಲಸ ನೆಲಕ್ಕಿಳಿಯುವ ಮೊದಲು, ನಿಮ್ಮಷ್ಟೇ ಕೆಲಸ ಬಲ್ಲ, ಆದರೆ ಆ ಕೆಲಸದಲ್ಲಿ ಕೈಯಾಡಿಸದ ಇನ್ನೊಬ್ಬ ಇಂಜಿನಿಯರ್ ಅದನ್ನು ಸಾಲು ಸಾಲಾಗಿ ಓದಿ ಪ್ರಶ್ನೆ ಬರೆಯುವುದು. ಸಹೋದ್ಯೋಗಿ ಪರಿಶೀಲನೆ ಎನ್ನುವುದು ಇದನ್ನೇ. ಸಾಫ್ಟ್‌ವೇರ್ ಕ್ಷೇತ್ರದಲ್ಲಿ ಐಬಿಎಂನ ಮೈಕೆಲ್ ಫೇಗನ್ 1976ರಲ್ಲಿ ಇದಕ್ಕೊಂದು ಕ್ರಮಬದ್ಧ ರೂಪ ಕೊಟ್ಟ. ಜರ್ಮನಿಯಲ್ಲಿ ಕಟ್ಟಡದ ಲೆಕ್ಕಗಳನ್ನು ಸ್ವತಂತ್ರ ಪರಿಶೀಲನಾ ಇಂಜಿನಿಯರ್ ನೋಡುವ ಪದ್ಧತಿ ಬಹಳ ಹಳೆಯದು. ನಮ್ಮಲ್ಲಿ ಮಾತ್ರ ಮೇಲಧಿಕಾರಿಯ ಸಹಿಯನ್ನೇ ಪರಿಶೀಲನೆ ಎಂದು ನಂಬಿಕೊಂಡು ಬಂದಿದ್ದೇವೆ. ಸಹಿ ಅಧಿಕಾರದ ಕೆಲಸ, ಓದು ಬುದ್ಧಿಯ ಕೆಲಸ. ಎರಡೂ ಬೇಕು, ಒಂದರ ಜಾಗವನ್ನು ಇನ್ನೊಂದು ತುಂಬಲಾರದು ಎಂಬುದೇ ಈ ಲೇಖನದ ವಾದ.

ಇದು ಏಕೆ ಫಲ ಕೊಡುತ್ತದೆ?

ಮೊದಲ ಕಾರಣ ಮನುಷ್ಯನ ಕಣ್ಣಿನ ಸ್ವಭಾವ. ತಾನೇ ಬರೆದದ್ದನ್ನು ಓದುವಾಗ ಹಾಳೆಯ ಮೇಲೆ ಏನಿದೆ ಎಂಬುದಕ್ಕಿಂತ ತಾನು ಏನು ಬರೆಯಬೇಕೆಂದಿದ್ದನೋ ಅದೇ ಕಾಣುತ್ತದೆ. ಹತ್ತು ಸಲ ಓದಿದರೂ ಬಿಟ್ಟುಹೋದ ತೊಲೆ ಬಿಟ್ಟೇ ಹೋಗಿರುತ್ತದೆ. ಎರಡನೆಯ ಕಾರಣ ಸ್ಥಾನಮಾನದ್ದು. ದೊಡ್ಡವರ ಕೆಲಸವನ್ನು ಪ್ರಶ್ನಿಸಲು ಕಿರಿಯರು ಅಂಜುತ್ತಾರೆ, ಕಿರಿಯರ ಕೆಲಸದ ಪ್ರತಿ ಸಾಲಿಗೂ ಇಳಿಯಲು ಹಿರಿಯರಿಗೆ ಬಿಡುವಿಲ್ಲ. ಕೆನಡಾದ ಕ್ವಿಬೆಕ್ ಸೇತುವೆಯ ಕಥೆ ಇದಕ್ಕೆ ದೊಡ್ಡ ಸಾಕ್ಷಿ. ಸೇತುವೆಯ ಮಧ್ಯದ ಅಂಕಣವನ್ನು 1,600 ಅಡಿಯಿಂದ 1,800 ಅಡಿಗೆ ಹಿಗ್ಗಿಸಿದರು, ಆದರೆ ಸೇತುವೆಯ ಸ್ವಂತ ಭಾರವನ್ನು ಹೊಸದಾಗಿ ಲೆಕ್ಕ ಹಾಕಲಿಲ್ಲ. ಸಲಹೆಗಾರ ಇಂಜಿನಿಯರ್ ಥಿಯೊಡೋರ್ ಕೂಪರ್ ಅಮೆರಿಕದಲ್ಲೇ ಹೆಸರಾದವರು. ಸ್ವತಂತ್ರವಾಗಿ ಇನ್ನೊಬ್ಬರು ನಕ್ಷೆ ನೋಡಲಿ ಎಂಬ ಪ್ರಸ್ತಾಪ ಬಂದಾಗ ಅವರು ವಿರೋಧಿಸಿದರು, ಪ್ರಸ್ತಾಪ ಅಲ್ಲಿಗೇ ಬಿದ್ದುಹೋಯಿತು. 1907ರ ಆಗಸ್ಟ್ 29ರಂದು, ಕಟ್ಟುತ್ತಿರುವಾಗಲೇ ಸೇತುವೆ ಕುಸಿದು 75 ಕಾರ್ಮಿಕರು ಸತ್ತರು. ಭಾರವನ್ನು ಹೊಸದಾಗಿ ಕೂಡಿ ನೋಡುವುದು ಆ ಕಾಲದ ಯಾವ ಸಾಮಾನ್ಯ ಇಂಜಿನಿಯರಿಗೂ ಬರುತ್ತಿದ್ದ ಕೆಲಸ. ಕೂಡಿ ನೋಡಲು ಒಬ್ಬರನ್ನು ಕೂರಿಸಲಿಲ್ಲ, ಅಷ್ಟೇ.

ಮೂರನೆಯ ಕಾರಣ ನಮ್ಮ ನೆಲದ್ದು. ಕೃಷ್ಣಾ ಮತ್ತು ತುಂಗಭದ್ರಾ ನದಿಗಳ ನಡುವಿನ ಈ ಸೀಮೆಯಲ್ಲಿ ಎರೆಯೂ ಇದೆ, ಮಸಾರಿಯೂ ಇದೆ. ಒಂದೇ ಹೋಬಳಿಯೊಳಗೆ ಮಣ್ಣು ಬದಲಾಗುತ್ತದೆ. ಎರೆ ಮಣ್ಣು ನೀರು ಕುಡಿದು ಉಬ್ಬುತ್ತದೆ, ಬೇಸಿಗೆಯಲ್ಲಿ ಕೈ ತೂರುವಷ್ಟು ಬಿರಿಯುತ್ತದೆ. ಮಸಾರಿ ನೆಲದ ಎಸ್ಟಿಮೇಟನ್ನು ಎರೆ ನೆಲಕ್ಕೆ ನಕಲು ಮಾಡಿದರೆ ಕಾಗದದ ಮೇಲೆ ಏನೂ ತಪ್ಪು ಕಾಣುವುದಿಲ್ಲ: ದರ ಸರಿ, ಗುಣಾಕಾರ ಸರಿ, ಮೊತ್ತ ಸರಿ. ಮೇಲಿನ ಕಚೇರಿಯಲ್ಲಿ ಕೂತು ನೋಡುವವರಿಗೆ ಸಿಗದ ತಪ್ಪು ಇದು. "ಈ ಜಾಗದಲ್ಲಿ ಎರೆ ಎಷ್ಟು ಆಳ?" ಎಂದು ಕೇಳುವವರು ಇದೇ ನೆಲದಲ್ಲಿ ಕೆಲಸ ಮಾಡಿದ ಇನ್ನೊಬ್ಬ ಇಂಜಿನಿಯರೇ ಆಗಬೇಕು.

ಯಾರು ಯಾರದನ್ನು ಓದಬೇಕು?

ಒಂದೇ ಕೊಠಡಿಯಲ್ಲಿ ಕೂತ ಇಬ್ಬರು ಪರಸ್ಪರ ಓದಿಕೊಳ್ಳುವುದು ಸುಲಭ, ಆದರೆ ಅದು ಬಹುಬೇಗ "ನಿನ್ನದನ್ನು ನಾನು ಬಿಡುತ್ತೇನೆ, ನನ್ನದನ್ನು ನೀನು ಬಿಡು" ಎಂಬಲ್ಲಿಗೆ ಬಂದು ನಿಲ್ಲುತ್ತದೆ. ಆದ್ದರಿಂದ ಮೂವರ ಸರತಿ ಮಾಡಿಕೊಳ್ಳಿ. ದೇವದುರ್ಗದವರ ಕೆಲಸವನ್ನು ಮಾನ್ವಿಯವರು, ಮಾನ್ವಿಯವರದನ್ನು ರಾಯಚೂರಿನವರು, ರಾಯಚೂರಿನವರದನ್ನು ದೇವದುರ್ಗದವರು ಓದಲಿ. ನಿಮ್ಮ ಕೆಲಸ ಓದುವವರ ಕೆಲಸ ನಿಮ್ಮ ಕೈಗೆ ಬಾರದಂತೆ ನೋಡಿಕೊಂಡರೆ ಮುಲಾಜಿಗೆ ಎಡೆಯಿಲ್ಲ. ನಾರಾಯಣಪುರ ಬಲದಂಡೆ ಕಾಲುವೆಯ ಕೆಲಸ ಬಲ್ಲ ದೇವದುರ್ಗದವರು, ತುಂಗಭದ್ರಾ ಎಡದಂಡೆಯ ಕೊನೆಭಾಗದ ತಾಪತ್ರಯ ಬಲ್ಲ ಮಾನ್ವಿಯವರು ಪಕ್ಕದ ತಾಲ್ಲೂಕಿನವರಿಗೆ ಕೇಳುವ ಪ್ರಶ್ನೆಗಳಿಗೆ ಬೆಲೆ ಹೆಚ್ಚು. ಮಣ್ಣು, ನೀರಾವರಿ, ಭೂಸಾರ ಸಂರಕ್ಷಣೆಯ ವಿಷಯಕ್ಕೆ ರಾಯಚೂರು ಕೃಷಿ ವಿಶ್ವವಿದ್ಯಾಲಯದ ಕೃಷಿ ತಾಂತ್ರಿಕ ಕಾಲೇಜಿನಲ್ಲಿ, ಕಟ್ಟಡದ ವಿಷಯಕ್ಕೆ ಜಿಲ್ಲೆಯ ಇಂಜಿನಿಯರಿಂಗ್ ಕಾಲೇಜು, ಪಾಲಿಟೆಕ್ನಿಕ್‌ಗಳಲ್ಲಿ ಬಲ್ಲವರಿದ್ದಾರೆ. ನಿವೃತ್ತ ಇಂಜಿನಿಯರುಗಳು ಇನ್ನೂ ಒಳ್ಳೆಯ ಓದುಗರು, ಅವರಿಗೆ ಬಡ್ತಿ ವರ್ಗಾವಣೆಗಳ ಹಂಗಿಲ್ಲ.

ಓದಲು ಕಳಿಸುವವರು ಬರೀ ಎಸ್ಟಿಮೇಟ್ ಕಳಿಸಿದರೆ ಸಾಲದು. ನಕ್ಷೆ, ಲೆವೆಲ್ ಪುಸ್ತಕದ ಪ್ರತಿ, ಮಣ್ಣಿನ ವರದಿ, ಜಾಗದ ನಾಲ್ಕು ಫೋಟೊ, ಜೊತೆಗೆ ಒಂದು ಪುಟದ ಟಿಪ್ಪಣಿ ಬೇಕು. ಆ ಟಿಪ್ಪಣಿಯಲ್ಲಿ ನೀವು ಏನನ್ನು ಊಹಿಸಿಕೊಂಡಿದ್ದೀರಿ ಎಂದು ಬರೆಯಿರಿ: "ಎರೆ 1.2 ಮೀಟರ್ ಆಳ ಎಂದು ಹಿಡಿದಿದೆ, ಪಕ್ಕದ ಬಾವಿ ನೋಡಿ." ಅರ್ಧ ತಪ್ಪುಗಳು ಈ ಟಿಪ್ಪಣಿ ಬರೆಯುವಾಗಲೇ ನಿಮಗೇ ಸಿಗುತ್ತವೆ. ಊಹೆಯನ್ನು ಕಾಗದಕ್ಕಿಳಿಸಿದ ಕೂಡಲೇ ಅದು ಊಹೆ ಎಂಬುದು ಎದ್ದು ಕಾಣುತ್ತದೆ.

ಓದುವ ಕ್ರಮ

ಮಾನ್ವಿ ತಾಲ್ಲೂಕಿನ ಎರೆ ನೆಲದಲ್ಲಿ ಎರಡು ಕೊಠಡಿಯ ಶಾಲಾ ಕಟ್ಟಡವೊಂದರ ಅಂದಾಜು ಪಟ್ಟಿ ನಿಮ್ಮ ಕೈಗೆ ಬಂದಿದೆ ಎಂದಿಟ್ಟುಕೊಳ್ಳಿ. ಚಾವಣಿ 14 ಮೀಟರ್ ಉದ್ದ, 8 ಮೀಟರ್ ಅಗಲ, 15 ಸೆಂ.ಮೀ. ದಪ್ಪ.

1. ದರ, ಮೊತ್ತ ಬದಿಗಿಡಿ. ಮೊದಲು ಜಾಗ ಮತ್ತು ಮಣ್ಣು. ಪಾಯದ ಆಳ 0.9 ಮೀಟರ್ ಎಂದಿದ್ದರೆ ಅದು ಎಲ್ಲಿಂದ ಬಂತು ಎಂದು ಕೇಳಿ. ಮಣ್ಣಿನ ವರದಿ ಇಲ್ಲವೆಂದರೆ ಒಂದು ಸರಳ ಪರೀಕ್ಷೆ ಮಾಡಿಸಿ. 425 ಮೈಕ್ರಾನ್ ಜರಡಿಯಲ್ಲಿ ಸೋಸಿದ, ಓವನ್‌ನಲ್ಲಿ ಒಣಗಿಸಿದ ತಲಾ 10 ಗ್ರಾಂ ಮಣ್ಣನ್ನು 100 ಮಿ.ಲೀ.ನ ಎರಡು ಅಳತೆ ಜಾಡಿಗಳಲ್ಲಿ ಹಾಕಿ, ಒಂದಕ್ಕೆ ಸೀಮೆಎಣ್ಣೆ, ಇನ್ನೊಂದಕ್ಕೆ ಭಟ್ಟಿ ಇಳಿಸಿದ ನೀರು ತುಂಬಿ, ಕಲಕಿ, 24 ತಾಸು ಬಿಡಬೇಕು. ಸೀಮೆಎಣ್ಣೆಯಲ್ಲಿ ಮಣ್ಣು ಉಬ್ಬುವುದಿಲ್ಲ. ಅಲ್ಲಿ ಮಣ್ಣು 10 ಮಿ.ಲೀ. ಗೆರೆಯಲ್ಲೂ ನೀರಿನ ಜಾಡಿಯಲ್ಲಿ 18ರಲ್ಲೂ ನಿಂತರೆ ಉಬ್ಬುವಿಕೆ ಶೇ. 80. ಈ ಸಂಖ್ಯೆ 50 ದಾಟಿತೆಂದರೆ ಸಾಮಾನ್ಯ ಪಾಯದ ಮಾತು ಬಿಟ್ಟು, ಎರೆ ತೆಗೆದು ಮುರಂ ತುಂಬುವುದೋ, ಬುಡದಲ್ಲಿ ಅಗಲವಾಗುವ ಅಂಡರ್‌ರೀಮ್ಡ್ ಪೈಲ್ ಹಾಕುವುದೋ ಎಂದು ಯೋಚಿಸಲೇಬೇಕು. ಐಎಸ್ 2911ರ 3ನೇ ಭಾಗ ಇಂಥ ಪೈಲ್‌ಗಳಿಗೆಂದೇ ಇದೆ. ಪರೀಕ್ಷೆಗೆ ತಗಲುವ ಖರ್ಚು ಕಟ್ಟಡದ ಖರ್ಚಿನ ಮುಂದೆ ದೊಡ್ಡದಲ್ಲ. ಆದರೂ ಬಹಳಷ್ಟು ಸಣ್ಣ ಕಾಮಗಾರಿಗಳು ಇದಿಲ್ಲದೆಯೇ ಮುಗಿದುಹೋಗುತ್ತವೆ, ನನ್ನ ಮಟ್ಟಿಗೆ ಈ ಸೀಮೆಯ ಕಟ್ಟಡಗಳ ಅತಿ ದೊಡ್ಡ ನಷ್ಟ ಇದೇ.

2. ಸ್ವತಂತ್ರವಾಗಿ ಒರಟು ಲೆಕ್ಕ ಹಾಕಿ. ಬರೆದವರ ಗುಣಾಕಾರವನ್ನು ಮತ್ತೆ ಗುಣಿಸುವುದು ಪರಿಶೀಲನೆ ಆಗದು. ಅವರ ಹಾಳೆ ಮುಚ್ಚಿಟ್ಟು ನಿಮ್ಮ ದಾರಿಯಲ್ಲಿ ಉತ್ತರಕ್ಕೆ ಬನ್ನಿ. ಚಾವಣಿಯ ಕಾಂಕ್ರೀಟ್ 14 × 8 × 0.15, ಅಂದರೆ 16.8 ಘನ ಮೀಟರ್. ಒಂದು ಘನ ಮೀಟರಿನಲ್ಲಿ ಶೇ. 1 ಕಬ್ಬಿಣ ಎಂದರೆ 78.5 ಕೆ.ಜಿ. ಪಟ್ಟಿಯಲ್ಲಿ ಚಾವಣಿ ಮತ್ತು ತೊಲೆಗಳಿಗೆ ಸೇರಿ 420 ಕೆ.ಜಿ. ಎಂದಿದ್ದರೆ ಘನ ಮೀಟರಿಗೆ 25 ಕೆ.ಜಿ., ಸುಮಾರು ಶೇ. 0.32. ತೊಲೆ ಸೇರಿದ ಚಾವಣಿಗೆ ಇದು ತೀರಾ ಕಡಿಮೆ. ಏನು ಬಿಟ್ಟುಹೋಗಿದೆ ಎಂದು ಹುಡುಕಿದರೆ ತೊಲೆಗಳ ಕಂಬಿಯೋ ಅಡ್ಡ ಕಂಬಿಯೋ ಬಾರ್ ಬೆಂಡಿಂಗ್ ಶೆಡ್ಯೂಲಿಗೆ ಬಂದೇ ಇರುವುದಿಲ್ಲ. ಕಂಬಿಯ ವ್ಯಾಸದ ವರ್ಗವನ್ನು 162ರಿಂದ ಭಾಗಿಸಿದರೆ ಮೀಟರಿಗೆ ತೂಕ ಸಿಗುತ್ತದೆ: 8 ಮಿ.ಮೀ.ಗೆ 0.395 ಕೆ.ಜಿ., 12ಕ್ಕೆ 0.89 ಕೆ.ಜಿ. ಈ ಸೂತ್ರ ಸೈಟಿನ ಮೇಸ್ತ್ರಿಗೂ ಬಾಯಿಪಾಠ ಇರುತ್ತದೆ, ಓದುವವರು ಅದನ್ನು ಬಳಸಿದರೆ ಸಾಕು.

3. ನಕ್ಷೆ, ಪಟ್ಟಿ ಎರಡನ್ನೂ ಪಕ್ಕಪಕ್ಕ ಇಟ್ಟು ಓದಿ. ನಕ್ಷೆಯಲ್ಲಿ ಎಂ20, ಪಟ್ಟಿಯಲ್ಲಿ ಎಂ15 ಎನ್ನುವಂಥ ವ್ಯತ್ಯಾಸಗಳು ಇಲ್ಲಿ ಸಿಗುತ್ತವೆ.

4. ಗುಣಮಟ್ಟದ ಖರ್ಚು ಪಟ್ಟಿಯಲ್ಲಿದೆಯೇ ನೋಡಿ. ಐಎಸ್ 456ರ ಪ್ರಕಾರ 16ರಿಂದ 30 ಘನ ಮೀಟರ್ ಕಾಂಕ್ರೀಟಿಗೆ ಮೂರು ಸ್ಯಾಂಪಲ್, ಪ್ರತಿ ಸ್ಯಾಂಪಲ್‌ಗೆ ಮೂರು ಕ್ಯೂಬ್, ಒಟ್ಟು ಒಂಬತ್ತು. ಮೂರೇ ಕ್ಯೂಬ್‌ಗೆ ದುಡ್ಡಿಟ್ಟಿದ್ದರೆ ಮಿಕ್ಕ ಆರು ಹುಟ್ಟುವುದೇ ಇಲ್ಲ. ಕ್ಯೂರಿಂಗ್ ಕೂಡ ಹೀಗೆಯೇ. ಬಿಸಿ ಒಣ ಹವೆಯಲ್ಲಿ ಕನಿಷ್ಠ 10 ದಿನ, ಹಾರುಬೂದಿ ಬೆರೆತ ಪಿಪಿಸಿ ಸಿಮೆಂಟಾದರೆ 14 ದಿನ ಎನ್ನುತ್ತದೆ ಅದೇ ಸಂಹಿತೆ. ರಾಯಚೂರಿನ ಮೇ ತಿಂಗಳಲ್ಲಿ, 40 ಡಿಗ್ರಿ ದಾಟಿದ ಬಿಸಿಲಿನಲ್ಲಿ, ಅಷ್ಟು ದಿನ ನೀರು ಎಲ್ಲಿಂದ ಬರುತ್ತದೆ? ಟ್ಯಾಂಕರ್ ಖರ್ಚು ಯಾವ ಸಾಲಿನಲ್ಲಿದೆ? ಈ ಪ್ರಶ್ನೆಗೆ ಉತ್ತರವಿಲ್ಲದ ಎಸ್ಟಿಮೇಟಿನಲ್ಲಿ ಕ್ಯೂರಿಂಗ್ ಕಾಗದದ ಮೇಲಷ್ಟೇ ಆಗುತ್ತದೆ.

5. ಪ್ರತಿ ಮಾತನ್ನೂ ಪ್ರಶ್ನೆಯಾಗಿ ಬರೆಯಿರಿ, ಪುಟ ಮತ್ತು ಐಟಂ ಸಂಖ್ಯೆ ಹಾಕಿ, ತೂಕ ಹೇಳಿ: ತಿದ್ದದೆ ಮುಂದೆ ಹೋಗಬಾರದ್ದು, ತಿದ್ದಿದರೆ ಒಳ್ಳೆಯದು, ತಿಳಿಯಲೆಂದು ಕೇಳಿದ್ದು. ಈ ಮೂರನ್ನೂ ಬೇರ್ಪಡಿಸದಿದ್ದರೆ ಅಕ್ಷರದೋಷ ಮತ್ತು ಬಿಟ್ಟುಹೋದ ತೊಲೆ ಒಂದೇ ಸಾಲಿನಲ್ಲಿ ನಿಲ್ಲುತ್ತವೆ.

6. ಬರೆದವರು ಪ್ರತಿ ಪ್ರಶ್ನೆಗೂ ಲಿಖಿತ ಉತ್ತರ ಕೊಡಲಿ. ಒಪ್ಪದಿದ್ದರೆ ಕಾರಣ ಬರೆಯಲಿ. ಈ ಹಾಳೆ ಕಡತದಲ್ಲೇ ಉಳಿಯಲಿ. ವರ್ಗವಾಗಿ ಬರುವ ಮುಂದಿನ ಇಂಜಿನಿಯರಿಗೆ ಅದು ಎಂ.ಬಿ.ಗಿಂತ ಹೆಚ್ಚು ಕಲಿಸುತ್ತದೆ.

ಕಾಲುವೆ ಮತ್ತು ನೀರಿನ ಕೆಲಸಕ್ಕೆ

ಕಾಲುವೆ, ಉಪಕಾಲುವೆ, ಹೊಲಗಾಲುವೆಗಳಲ್ಲಿ ಮೊದಲು ಓದಬೇಕಾದ್ದು ಲೆವೆಲ್ ಪುಸ್ತಕ. 4,000ಕ್ಕೆ 1 ಇಳಿಜಾರು ಎಂದರೆ ಕಿಲೋಮೀಟರಿಗೆ ಬರೀ 25 ಸೆಂ.ಮೀ. ಅಷ್ಟರಲ್ಲಿ 10 ಸೆಂ.ಮೀ. ತಪ್ಪಿದರೆ ಕೊನೆಭಾಗದ ರೈತನಿಗೆ ನೀರು ಮುಟ್ಟುವುದಿಲ್ಲ. ಆಮೇಲೆ ಅದರ ದೋಷವೆಲ್ಲ ಮೇಲಿನ ಹಳ್ಳಿಯವರ ತಲೆಗೆ ಬೀಳುತ್ತದೆ. ಲೆವೆಲ್ ಹಿಡಿದು ಹೋದವರು ಬೆಂಚ್‌ಮಾರ್ಕಿಗೆ ವಾಪಸು ಬಂದು ಮುಚ್ಚಿದ್ದಾರೆಯೇ, ಎಷ್ಟು ವ್ಯತ್ಯಾಸ ಬಂತು, ಯಾವ ಬೆಂಚ್‌ಮಾರ್ಕ್ ಎಂಬ ಮೂರು ಪ್ರಶ್ನೆ ಕೇಳಿ. ಎರೆಯ ಮೇಲೆ ಲೈನಿಂಗ್ ಹಾಕುವಲ್ಲಿ ನಡುವೆ ಉಬ್ಬದ, ತುಸು ಅಂಟುಳ್ಳ ಮಣ್ಣಿನ ಪದರ ಬೇಕು. ಐಐಟಿ ಮುಂಬಯಿಯ ಪ್ರೊ. ಆರ್.ಕೆ. ಕಟ್ಟಿ ಅವರ ಅಧ್ಯಯನಗಳಿಂದ ರೂಢಿಗೆ ಬಂದ, ಕಚೇರಿಗಳಲ್ಲಿ ಸಿ.ಎನ್.ಎಸ್. ಎಂದು ಕರೆಯುವ ಪದರ ಇದು. ಪಟ್ಟಿಯಲ್ಲಿ ಸಿ.ಎನ್.ಎಸ್. ಐಟಂ ಇದ್ದರೆ ಅಷ್ಟಕ್ಕೇ ಬಿಡಬೇಡಿ, ಆ ಮಣ್ಣು ಯಾವ ಗುಡ್ಡದಿಂದ, ಎಷ್ಟು ದೂರದಿಂದ ಬರುತ್ತದೆ, ಅದರದೂ ಉಬ್ಬುವಿಕೆ ಪರೀಕ್ಷೆ ಆಗಿದೆಯೇ ಎಂದು ಕೇಳಿ.

ಕುಡಿಯುವ ನೀರಿನ ವರದಿಗಳಿಗೂ ಎರಡನೆಯ ಓದು ಅಷ್ಟೇ ಅಗತ್ಯ. 2022ರ ಮೇ–ಜೂನ್ ಹೊತ್ತಿನಲ್ಲಿ ರಾಯಚೂರು ನಗರದಲ್ಲಿ ಕಲುಷಿತ ನೀರು ಕುಡಿದು ಜನ ಸತ್ತರು, ಅನೇಕರು ವಾಂತಿ–ಭೇದಿಯಿಂದ ಆಸ್ಪತ್ರೆ ಸೇರಿದರು. ಎರಡು ನದಿಗಳ ನಡುವಿನ ಊರಿನಲ್ಲಿ ಇಂಥದ್ದು ಮತ್ತೆ ಆಗಕೂಡದು. ಪ್ರಯೋಗಾಲಯದ ಹಾಳೆ ಕೈಗೆ ಬಂದಾಗ "ಯೋಗ್ಯ" ಎಂಬ ಕೊನೆಯ ಸಾಲಿಗೆ ನೇರ ಹಾರಬೇಡಿ. ವಿದ್ಯುತ್ ವಾಹಕತೆಯ ಅಂಕಿಯನ್ನು 0.55ರಿಂದ 0.7ರವರೆಗಿನ ಸಂಖ್ಯೆಯಿಂದ ಗುಣಿಸಿದರೆ ಹೆಚ್ಚುಕಡಿಮೆ ಟಿಡಿಎಸ್ ಬರಬೇಕು. ವಾಹಕತೆ 2,000, ಟಿಡಿಎಸ್ 400 ಎಂದಿದ್ದರೆ ಎರಡರಲ್ಲೊಂದು ತಪ್ಪು. ಐಎಸ್ 10500ರ ಪ್ರಕಾರ ಫ್ಲೋರೈಡ್ ಲೀಟರಿಗೆ 1 ಮಿ.ಗ್ರಾಂ ಒಳಗಿರಬೇಕು, ಬೇರೆ ನೀರಿನ ಮೂಲ ಇಲ್ಲದಿದ್ದರೆ 1.5ರವರೆಗೆ ಅವಕಾಶ. ಉಳಿಕೆ ಕ್ಲೋರಿನ್ ಕನಿಷ್ಠ 0.2 ಮಿ.ಗ್ರಾಂ ಇರಬೇಕಾದ್ದು ನಲ್ಲಿಯ ತುದಿಯಲ್ಲಿ. ಸ್ಯಾಂಪಲ್ ಎಲ್ಲಿ ಹಿಡಿದದ್ದು, ಶುದ್ಧೀಕರಣ ಘಟಕದ ಬಾಗಿಲಲ್ಲೋ ಕೊನೆಯ ಓಣಿಯ ಮನೆಯಲ್ಲೋ ಎಂಬುದೇ ಓದುವವರ ಮೊದಲ ಪ್ರಶ್ನೆಯಾಗಲಿ.

ಹಳೆಯ ಕಾಮಗಾರಿಗಳಿಗೂ ಇದು ಸಲ್ಲುತ್ತದೆ. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಜಲಾಶಯದ 19ನೇ ಗೇಟಿನ ಚೈನ್ ತುಂಡಾಗಿ ಗೇಟು ಕೊಚ್ಚಿಹೋದಾಗ ಮಾನ್ವಿ, ಸಿರವಾರ, ರಾಯಚೂರಿನ ಅಚ್ಚುಕಟ್ಟು ಉಸಿರು ಬಿಗಿಹಿಡಿದಿತ್ತು. ಆಮೇಲೆ ಬಂದ ತಜ್ಞರ ಸಮಿತಿ ಆ ಒಂದು ಗೇಟಿಗೆ ನಿಲ್ಲದೆ ಎಲ್ಲ 33 ಗೇಟುಗಳನ್ನೂ ಬದಲಿಸಲು ಶಿಫಾರಸು ಮಾಡಿತು. ಹೊರಗಿನ ಕಣ್ಣು ನೋಡುವುದು ಹೀಗೆ, ಕೆಟ್ಟದ್ದರ ಜೊತೆಗೆ ಕೆಡಲಿರುವುದನ್ನೂ ನೋಡುತ್ತದೆ. ಆ ಕಣ್ಣು ಅನಾಹುತ ಆದಮೇಲೆ ಬರುವ ಬದಲು ವರ್ಷಕ್ಕೊಮ್ಮೆ ಬರಲಿ ಎಂಬುದು ಅತಿಯಾಸೆಯೇನಲ್ಲ.

ಎಚ್ಚರ

ಓದುವವರು ತಾವೇ ವಿನ್ಯಾಸ ಬದಲಿಸಲು ಹೋಗಬಾರದು. ತಿದ್ದಿದರೆ ಅವರೂ ಅದರ ಕರ್ತೃವಾಗುತ್ತಾರೆ, ಮತ್ತೆ ಓದಲು ಮೂರನೆಯವರು ಬೇಕಾಗುತ್ತದೆ. ಹೊಣೆ ಯಾವತ್ತೂ ಬರೆದವರದೇ. ಟೆಂಡರ್‌ಗೆ ಮುಂಚಿನ ಅಂದಾಜು ಮೊತ್ತ ಹೊರಗೆ ಸೋರದಂತೆ, ದರದ ಕಾಲಂ ಮುಚ್ಚಿದ ಪ್ರತಿ ಕಳಿಸಿ, ತಾಂತ್ರಿಕ ಓದಿಗೆ ದರ ಬೇಕಿಲ್ಲ. ಹೊರಗಿನವರಿಗೆ ಕಳಿಸುವುದಾದರೆ ಮೇಲಧಿಕಾರಿಯ ಲಿಖಿತ ಒಪ್ಪಿಗೆ ಮೊದಲೇ ಪಡೆಯಿರಿ. ಓದುವವರಿಗೂ ಗುತ್ತಿಗೆದಾರರಿಗೂ ನೆಂಟಸ್ತಿಕೆಯೋ ವ್ಯವಹಾರವೋ ಇದ್ದರೆ ಅವರನ್ನು ಕೇಳಲೇಬೇಡಿ.

ಸಾಮಾನ್ಯವಾಗಿ ಆಗುವ ತಪ್ಪುಗಳು

ಅತಿ ಸಾಮಾನ್ಯ ತಪ್ಪು ತಡವಾಗಿ ಕಳಿಸುವುದು. ಕಂಬಿ ಕಟ್ಟಿ, ಮಿಕ್ಸರ್ ಬಂದು ನಿಂತಮೇಲೆ ಯಾರಾದರೂ ಪ್ರಶ್ನೆ ಕೇಳಿದರೆ ಅವರು ವೈರಿಯಂತೆ ಕಾಣುತ್ತಾರೆ. ಪ್ರಶ್ನೆ ಅದೇ, ಹದಿನೈದು ದಿನ ಮೊದಲು ಬಂದಿದ್ದರೆ ಉಪಕಾರವಾಗುತ್ತಿತ್ತು. ಇನ್ನೊಂದು, ಒಂದೇ ಕೂತಿನಲ್ಲಿ ಐದಾರು ಎಸ್ಟಿಮೇಟ್ ಓದಿಬಿಡುವುದು. ಎರಡು ತಾಸು ಮೀರಿದರೆ ಕಣ್ಣು ಓಡುತ್ತದೆಯೇ ಹೊರತು ಓದುವುದಿಲ್ಲ. ಮತ್ತೊಂದು, ಚೆಕ್‌ಲಿಸ್ಟ್‌ನ ಚೌಕಗಳಿಗೆ ಗುರುತು ಹಾಕಿ ಮುಗಿಸುವುದು. "ಮಣ್ಣು ಪರೀಕ್ಷೆ ಆಗಿದೆ: ಹೌದು" ಎಂಬ ಸಾಲು ಏನನ್ನೂ ಹೇಳದು, ಉಬ್ಬುವಿಕೆ ಎಷ್ಟು ಎಂಬ ಅಂಕಿ ಬರೆಯುವ ಜಾಗ ಅಲ್ಲಿರಬೇಕು. ಓದಿದವರು ಒಂದೂ ಪ್ರಶ್ನೆಯಿಲ್ಲದೆ ಮರಳಿಸಿದರೆ, ಎಷ್ಟು ಹೊತ್ತು ಓದಿದರು ಎಂದು ವಿಚಾರಿಸಿ.

ಬರುವ ಆಕ್ಷೇಪಗಳು

"ಮೂರನೆಯವರ ತಪಾಸಣೆ ಈಗಾಗಲೇ ಇದೆಯಲ್ಲ?" ಇದೆ, ಮತ್ತು ಬೇಕು. ಪ್ರಧಾನಮಂತ್ರಿ ಗ್ರಾಮ ಸಡಕ್ ಯೋಜನೆಯಲ್ಲಿ ಸ್ಥಳೀಯ ಘಟಕ, ರಾಜ್ಯ ಮಟ್ಟದ ಗುಣಮಟ್ಟ ಪರಿವೀಕ್ಷಕರು, ರಾಷ್ಟ್ರ ಮಟ್ಟದ ಪರಿವೀಕ್ಷಕರು ಎಂದು ಮೂರು ಹಂತಗಳಿವೆ. ಉದ್ಯೋಗ ಖಾತರಿ ಕಾಯ್ದೆಯ 17ನೇ ಕಲಂ ಗ್ರಾಮಸಭೆಗೆ ಸಾಮಾಜಿಕ ಪರಿಶೋಧನೆಯ ಅಧಿಕಾರ ಕೊಟ್ಟಿತು. ಆದರೆ ಇವೆಲ್ಲ ಮುಖ್ಯವಾಗಿ ನೋಡುವುದು ಮಂಜೂರಾದದ್ದು ನೆಲದ ಮೇಲೆ ಹಾಗೆಯೇ ಆಗಿದೆಯೇ ಎಂಬುದನ್ನು. ಮಂಜೂರಾದದ್ದೇ ತಪ್ಪಾಗಿದ್ದರೆ, ತಪ್ಪನ್ನು ಅಚ್ಚುಕಟ್ಟಾಗಿ ಕಟ್ಟಿದ ಕಾಮಗಾರಿಗೆ ತೃಪ್ತಿಕರ ಎಂಬ ವರದಿ ಸಿಗುತ್ತದೆ.

"ಸಮಯವೆಲ್ಲಿದೆ?" ಎನ್ನುವವರ ಕಷ್ಟ ನಿಜ. ಒಬ್ಬೊಬ್ಬರ ತಲೆಯ ಮೇಲೆ ಹತ್ತಾರು ಪಂಚಾಯಿತಿಗಳ ಕೆಲಸ ಇರುವಲ್ಲಿ ಎಲ್ಲವನ್ನೂ ಓದಿಸಲಾಗದು. ಹಾಗಾಗಿ ಎಲ್ಲವನ್ನೂ ಓದಿಸಬೇಡಿ. ಕುಸಿದರೆ ಜೀವ ಹೋಗುವಂಥದ್ದು, ಎರೆಯ ಮೇಲೆ ಕಟ್ಟುವಂಥದ್ದು, ಜನ ಕುಡಿಯುವ ನೀರಿಗೆ ಸಂಬಂಧಿಸಿದ್ದು, ಈ ಮೂರು ಬಗೆ ಮಾತ್ರ ತಪ್ಪದೆ ಓದಿಸಿ. ಶಾಲಾ ಕಟ್ಟಡಕ್ಕೆ ಎರಡು ತಾಸು ಸಾಕು. ಸೀಳಿದ ಗೋಡೆಗೆ ಬರುವ ದೂರು, ಸ್ಥಳ ತನಿಖೆ, ವಿವರಣೆ ಕೇಳುವ ನೋಟಿಸಿಗೆ ಉತ್ತರ, ಇವು ತಿನ್ನುವ ದಿನಗಳ ಮುಂದೆ ಅದೇನೂ ಅಲ್ಲ.

"ಎಲ್ಲರೂ ಪರಿಚಿತರು, ತಪ್ಪು ತೋರಿಸಿದರೆ ಮನಸ್ತಾಪ" ಎಂಬುದು ಇವೆಲ್ಲಕ್ಕಿಂತ ಗಟ್ಟಿಯಾದ ಆಕ್ಷೇಪ. ಇದಕ್ಕೆ ಉಪದೇಶದಿಂದ ಪರಿಹಾರವಿಲ್ಲ, ವ್ಯವಸ್ಥೆಯಿಂದಲೇ ಆಗಬೇಕು. ಓದಿನ ಟಿಪ್ಪಣಿಯನ್ನು ಯಾರ ಕಾರ್ಯನಿರ್ವಹಣಾ ವರದಿಗೂ ಬಳಸುವುದಿಲ್ಲವೆಂದು ಎಇಇ ಮೊದಲೇ ಹೇಳಬೇಕು. ಪ್ರಶ್ನೆಗಳ ಚರ್ಚೆಗೆ ಕೂತಾಗ ಅವರು ಆ ಕೋಣೆಯಲ್ಲಿರಬಾರದು. ಮೊದಲ ಸರತಿಯಲ್ಲಿ ಹಿರಿಯರ ಕೆಲಸವನ್ನೇ ಕಿರಿಯರು ಓದಲಿ. ಹಿರಿಯರು ಕಿರಿಯರ ಒಂದು ಪ್ರಶ್ನೆಗೆ ತಲೆಬಾಗಿ ಪಟ್ಟಿ ತಿದ್ದಿದ ದಿನದಿಂದ ಉಳಿದವರ ಅಂಜಿಕೆ ಕಡಿಮೆಯಾಗುತ್ತದೆ. "ನೀವು ತಪ್ಪು ಮಾಡೀರಿ" ಎಂದು ಬರೆಯುವುದರ ಬದಲು "ಐಟಂ 7ರ ಆಳಕ್ಕ ಆಧಾರ ಯಾವುದು?" ಎಂದು ಕೇಳಿದರೆ ಅರ್ಧ ಮನಸ್ತಾಪ ಅಲ್ಲೇ ಕರಗುತ್ತದೆ.

ಶುರು ಮಾಡುವ ಕಾಲ ಯಾವುದು ಎಂದರೆ, ಕಾಲುವೆಯ ವೇಳಾಪಟ್ಟಿ ನೋಡಿಕೊಳ್ಳಿ. ಬೇಸಿಗೆಯಲ್ಲಿ ನೀರು ನಿಂತಮೇಲೆ, ಮುಂಗಾರಿಗೆ ಮತ್ತೆ ನೀರು ಬಿಡುವುದರೊಳಗೆ ಲೈನಿಂಗ್, ತೂಬು, ಸೇತುವೆಗಳ ಕೆಲಸವೆಲ್ಲ ಆತುರದಲ್ಲಿ ಮುಗಿಯಬೇಕು, ಆಗ ಯಾರನ್ನು ಕೇಳಿದರೂ ಓದಲು ಬಿಡುವಿರದು. ಆದ್ದರಿಂದ ಆ ಕೆಲಸಗಳ ನಕ್ಷೆ, ಲೆವೆಲ್ ಪುಸ್ತಕಗಳು ಜನವರಿಯಲ್ಲೇ ಪಕ್ಕದ ತಾಲ್ಲೂಕಿನ ಓದುಗರ ಕೈ ಸೇರಲಿ, ಫೆಬ್ರುವರಿ ಕೊನೆಯೊಳಗೆ ಪ್ರಶ್ನೆ–ಉತ್ತರ ಮುಗಿದು ಹಾಳೆ ಕಡತಕ್ಕೆ ಸೇರಲಿ. ಕಟ್ಟಡಗಳ ಮಣ್ಣಿನ ಸ್ಯಾಂಪಲ್‌ಗಳನ್ನು ಅದಕ್ಕೂ ಮೊದಲು, ಡಿಸೆಂಬರಿನಲ್ಲೇ ಅಗೆದು ತೆಗೆಸಿಡಿ.